ಎರಡನೇ ಬ್ರೇಕು

ಡ್ರೈವಿಂಗ್ ಕಲಿಸುವ ಕಾರಿನಲ್ಲಿ ಬ್ರೇಕು ಎರಡಿರುತ್ತವೆ. ಒಂದು ಕಲಿಯುವವರ ಕಾಲಡಿ, ಇನ್ನೊಂದು ಪಕ್ಕದಲ್ಲಿ ಕೂತು ಕಲಿಸುವವರ ಕಾಲಡಿ. ಕಲಿಯುವವರು ಗಾಬರಿಬಿದ್ದು ಕೈಕಾಲು ಬಿಟ್ಟಾಗ ಮಾತ್ರ ಎರಡನೆಯದನ್ನು ಒತ್ತಬೇಕು ಅನ್ನುವುದು ನಿಯಮ. ನಮ್ಮ ಬ್ರೇಕಣ್ಣ ಆ ನಿಯಮವನ್ನು ಎಂದೂ ಪಾಲಿಸಿದವನಲ್ಲ. ದೂರದಲ್ಲೊಂದು ಬೆಕ್ಕು ರಸ್ತೆ ದಾಟೋಣವೇ ಅಂತ ಯೋಚನೆ ಮಾಡಿದರೂ ಸಾಕು, ಅವನ ಕಾಲು ಒತ್ತಿಯೇ ಬಿಡುತ್ತಿತ್ತು. ಕಾಲಿನ ಜೊತೆಗೆ ಬಾಯಿಯೂ ಓಡುತ್ತಿತ್ತು: ಕ್ಲಚ್ಚು, ಕ್ಲಚ್ಚು, ಎಡಕ್ಕೆ, ಅಯ್ಯೋ ಎಡಕ್ಕೆ ಮಾರಾಯ್ರೇ! ಕಲಿಯಲು ಬಂದವರೇ ಇಟ್ಟ ಹೆಸರು ಅದು, ಬ್ರೇಕಣ್ಣ. ಅವನ ಕಾರಿನಲ್ಲಿ ಯಾರೂ ಯಾರಿಗೂ ಗುದ್ದಿದ್ದಿಲ್ಲ ಅನ್ನುವುದು ನಿಜ. ಅವನ ಕಾರಿನಿಂದ ಇಳಿದು ತಮ್ಮ ಸ್ವಂತ ಕಾರು ಹತ್ತಿದ ಮೇಲೆ, ಬ್ರೇಕು ಎಲ್ಲಿದೆ ಅಂತ ಬಗ್ಗಿ ಹುಡುಕಿದವರು ಇದ್ದಾರೆ ಅನ್ನುವುದೂ ಅಷ್ಟೇ ನಿಜ.

ಮನೆಯಲ್ಲಿ ಮಾತ್ರ ಅವನ ಆಟ ನಡೆಯುತ್ತಿರಲಿಲ್ಲ. ಹೆಂಡತಿ ಹೈಸ್ಕೂಲಿನ ಗಣಿತದ ಮಿಸ್. ಹತ್ತನೇ ಕ್ಲಾಸಿಗೆ ಅವಳು ಪಾಠ ಮಾಡಿದರೆ ಸ್ಕೂಲಿನ ಗೇಟಿನ ಹತ್ತಿರ ನಿಂತವರಿಗೂ ಅಪವರ್ತನ ಅರ್ಥವಾಗಬೇಕು, ಅಂಥ ಗಂಟಲು. ಬ್ರೇಕಣ್ಣನೋ, ಅದೇ ಹತ್ತನೇ ಕ್ಲಾಸಿನ ಗಣಿತದಲ್ಲಿ ಒಮ್ಮೆ ಡುಮ್ಕಿ ಹೊಡೆದು, ಎರಡನೇ ಸಲ ದೇವರ ದಯೆಯಿಂದ ಪಾಸಾದವನು. ಮನೆಯಲ್ಲಿ ಅವಳು ಮಾತಾಡುವುದು, ಇವನು ಹೂಂಗುಟ್ಟುವುದು. ಆ ಏರ್ಪಾಡು ಇಬ್ಬರಿಗೂ ಚೆನ್ನಾಗಿಯೇ ಒಗ್ಗಿತ್ತು.

ಒಂದು ಬೆಳಿಗ್ಗೆ ಚಹಾದ ಲೋಟ ಅವಳ ಬಲಗೈಯಿಂದ ಜಾರಿ ಬಿತ್ತು. ಬಗ್ಗಿ ಎತ್ತಲು ಹೋಗಿ ಅಲ್ಲೇ ಕುಸಿದಳು. ಬ್ರೇಕಣ್ಣ ಓಡಿ ಬಂದು ಹಿಡಿದುಕೊಂಡಾಗ ಬಾಯಿ ತೆರೆದಳು, ಮಾತು ಬರಲಿಲ್ಲ.

ಮೆದುಳಿನ ಒಂದು ಸಣ್ಣ ರಕ್ತನಾಳ ಕಟ್ಟಿಕೊಂಡಿತ್ತು. ಆಸ್ಪತ್ರೆಯವರು ಬೇಗ ನೋಡಿಕೊಂಡಿದ್ದರಿಂದ ಕಾಲು ಸರಿಹೋಯಿತು, ಕೈಯೂ ಸ್ವಲ್ಪ ನಡುಗುತ್ತ ಸರಿಹೋಯಿತು. ಬುದ್ಧಿಗೆ ಏನೂ ಆಗಿಲ್ಲ, ಎಲ್ಲ ಅರ್ಥವಾಗುತ್ತದೆ, ಹೇಳಲು ಹೋದರೆ ಮಾತ್ರ ಪದ ಸಿಗುವುದಿಲ್ಲ ಅಂತ ಡಾಕ್ಟರು ವಿವರಿಸಿದರು. ಬರೆಯಲು ಕೂತರೂ ಅದೇ ಕಥೆ, ಅಕ್ಷರಗಳು ಒಂದರ ಮೇಲೊಂದು ಬೀಳುತ್ತಿದ್ದವು. ಅಷ್ಟೆಲ್ಲ ಮಾತುಗಳಲ್ಲಿ ಅವಳ ನಾಲಿಗೆಯ ಮೇಲೆ ಉಳಿದುಕೊಂಡದ್ದು ಒಂದೇ ಒಂದು: "ಅಲ್ಲ". ಇಪ್ಪತ್ತು ವರ್ಷ ಮಕ್ಕಳಿಗೆ ಹೇಳಿ ಹೇಳಿ ಅದು ಯಾವ ಮೂಲೆಯಲ್ಲಿ ಬೇರು ಬಿಟ್ಟಿತ್ತೋ! ನೀರು ಬೇಕಾ ಅಂದರೆ ತಲೆ ಹೌದು ಅಂತ ಆಡುತ್ತಿತ್ತು, ಬಾಯಿ ಅಲ್ಲ ಅನ್ನುತ್ತಿತ್ತು.

ಬ್ರೇಕಣ್ಣನಿಗೆ ಇದನ್ನು ನೋಡಿ ಸುಮ್ಮನಿರಲು ಆಗಲಿಲ್ಲ. ಅವಳು "ಆ... ಆ..." ಅಂತ ಶುರುಮಾಡಿದರೆ ಸಾಕು, ಇವನು ಸಾಲುಗಟ್ಟಿ ನಿಲ್ಲಿಸುತ್ತಿದ್ದ: "ಕನ್ನಡಕಾನಾ? ಬಾಚಣಿಗೆ? ಫ್ಯಾನ್ ಹಾಕ್ಲಾ? ಕಿಟಕಿ? ತಲೆ ನೋವಾ? ಕಿಟಕಿ ತಾನೇ?" ಕೊನೆಗೆ ಅವಳು ಸೋತು ಯಾವುದೋ ಒಂದಕ್ಕೆ ತಲೆಯಾಡಿಸಿ ಗೋಡೆಯ ಕಡೆ ತಿರುಗಿಬಿಡುತ್ತಿದ್ದಳು. ಇವನು ಗೆದ್ದವನ ಹಾಗೆ ಕಿಟಕಿ ತೆಗೆಯುತ್ತಿದ್ದ.

ಮಾತಿನ ತರಬೇತಿ ಕೊಡುವ ಡಾಕ್ಟರಮ್ಮ ಎರಡೇ ಭೇಟಿಯಲ್ಲಿ ರೋಗ ಯಾರದೆಂದು ಕಂಡುಹಿಡಿದರು. "ಸರ್, ನೀವು ಸ್ವಲ್ಪ ಸುಮ್ನಿರಿ. ಅವ್ರಿಗೆ ಪದ ಹುಡುಕ್ಕೊಳ್ಳೋಕೆ ಟೈಮ್ ಬೇಕು. ನೀವು ಮಧ್ಯ ಬಾಯಿ ಹಾಕಿದ್ರೆ ಹುಡುಕೋದನ್ನೇ ಬಿಟ್ಟುಬಿಡ್ತಾರೆ."

"ಆಯ್ತು ಮೇಡಂ, ಇನ್ಮೇಲೆ ಬಾಯಿಗೆ ಬೀಗ," ಅಂದ ಬ್ರೇಕಣ್ಣ. ಹೆಂಡತಿ ಏನೋ ಹೇಳಲು ಬಾಯಿ ತೆರೆದಳು. "ಅವ್ಳಿಗೂ ಅದೇ ಸರಿ ಅನ್ಸುತ್ತಂತೆ," ಅಂದ.

ಮಗಳನ್ನು ನೋಡಿಕೊಳ್ಳಲು ಬಂದು ಮನೆಯಲ್ಲೇ ಉಳಿದಿದ್ದ ಅತ್ತೆ ಇದನ್ನೆಲ್ಲ ನೋಡುತ್ತಿದ್ದರು. ಅಳಿಯನಿಗೆ ಅವರು ಮರ್ಯಾದೆ ಕೊಟ್ಟೇ ಬಯ್ಯುವವರು. "ಅಳಿಯಂದ್ರೇ, ಅವಳ ಬಾಯಿ ಸ್ವಲ್ಪ ಕೆಟ್ಟಿದೆ ನಿಜ. ಹಾಗಂತ ಅದನ್ನ ನಿಮಗೆ ಬರ್ಕೊಟ್ಟಿಲ್ಲ ನಾವು."

ಇಷ್ಟಾದರೂ ತಿದ್ದಿಕೊಳ್ಳದ ಮನುಷ್ಯ, ಹೆಂಡತಿಯ ಸ್ಕೂಲಿನ ಹೆಡ್ ಮೇಡಂ ಮನೆಗೆ ಬಂದ ದಿನ ಎಡವಟ್ಟು ಮಾಡಿಕೊಂಡ.

ಹೆಡ್ ಮೇಡಂ ಕೆಟ್ಟವರಲ್ಲ. ಅವರೂ ಅದೇ ಸ್ಕೂಲಿನಲ್ಲಿ ವಿಜ್ಞಾನ ಹೇಳಿಕೊಡುತ್ತಿದ್ದು ಮೇಲೆ ಬಂದವರು, ಮಿಸ್ಸಿಗಿಂತ ಚಿಕ್ಕವರು. ಒಂದು ಕಾಗದದ ಚೀಲದ ತುಂಬ ಸೇಬು ತಂದಿದ್ದರು. ಕೂತು, ಕುಶಲ ಕೇಳಿ, ಉತ್ತರಕ್ಕೆ ಎಲ್ಲಿ ನೋಡಬೇಕೆಂದು ತಿಳಿಯದೆ ಸ್ವಲ್ಪ ಹೊತ್ತು ಬ್ರೇಕಣ್ಣನನ್ನೂ ಸ್ವಲ್ಪ ಹೊತ್ತು ಸೇಬನ್ನೂ ನೋಡಿದರು. ಆಮೇಲೆ ವಿಷಯಕ್ಕೆ ಬಂದರು. ರಜೆ ಮುಗಿದು ಸ್ಕೂಲು ಶುರುವಾಗುತ್ತದೆ. ಹತ್ತನೇ ಕ್ಲಾಸಿಗೆ ಪಬ್ಲಿಕ್ ಪರೀಕ್ಷೆ, ಮಕ್ಕಳ ತಂದೆತಾಯಿ ಈಗಲೇ ಕೇಳುತ್ತಿದ್ದಾರೆ. ಮಿಸ್ ಕೆಲಸ ಬಿಡುವುದು ಬೇಡ, ಲೈಬ್ರರಿ ನೋಡಿಕೊಂಡು ಆರಾಮಾಗಿರಲಿ. ಅಲ್ಲಿ ಮಾತಾಡುವ ಕೆಲಸವೇ ಇಲ್ಲವಲ್ಲ.

ಹೆಂಡತಿ ಕುರ್ಚಿಯ ಕೈ ಗಟ್ಟಿಯಾಗಿ ಹಿಡಿದು ಮುಂದಕ್ಕೆ ಬಾಗಿದಳು. ಅವಳ ಗಂಟಲಿನಲ್ಲಿ ಏನೋ ಏಳುತ್ತಿತ್ತು. "ನಾ... ನಾ..."

"ಅವ್ಳೂ ಅದನ್ನೇ ಹೇಳ್ತಿರೋದು ಮೇಡಂ," ಬ್ರೇಕಣ್ಣನ ಬಾಯಿ ಓಡಿಬಿಟ್ಟಿತು. "ನಂಗೂ ಅದೇ ಒಳ್ಳೇದು ಅನ್ಸುತ್ತೆ ಅಂತಿದಾಳೆ. ಲೈಬ್ರರಿ ಆದ್ರೆ ತಂಪಾಗಿ..."

"ಅಲ್ಲ!"

ಅವಳು ಅಷ್ಟು ಗಟ್ಟಿಯಾಗಿ ಕೂಗಿದ್ದು ಕಾಯಿಲೆ ಬಿದ್ದ ಮೇಲೆ ಅದೇ ಮೊದಲು. ಒಳಗಿಂದ ಅತ್ತೆ ಓಡಿಬಂದರು. ಹೆಂಡತಿ ಸೇಬಿನ ಚೀಲವನ್ನು ಎಳೆದುಕೊಂಡು ಮೇಜಿನ ಮೇಲೆ ಸುರಿದಳು. ಸೇಬುಗಳು ಉರುಳಿ ನೆಲಕ್ಕೆ ಬಿದ್ದವು. ಖಾಲಿ ಚೀಲವನ್ನು ಅಂಗೈಯಿಂದ ಚಪ್ಪಟೆ ಮಾಡಿ, ಹೆಡ್ ಮೇಡಂ ಕೈಚೀಲಕ್ಕೆ ಸಿಕ್ಕಿಸಿದ್ದ ಪೆನ್ನನ್ನು ಕೇಳದೆಯೇ ತೆಗೆದುಕೊಂಡು ಬರೆದಳು:

x² − 6x + 5

ಅದರ ಕೆಳಗೆ (x − 1)(x − 5). ಅದರ ಕೆಳಗೆ (x − 3)² − 4.

ಕೈ ನಡುಗುತ್ತಿತ್ತು, ಆದರೆ ಎಲ್ಲೂ ತಡೆಯಲಿಲ್ಲ. ತನ್ನ ಹೆಸರನ್ನು ಬರೆಯಲಾಗದೆ ಹಿಂದಿನ ದಿನವಷ್ಟೇ ಅತ್ತವಳು, ಒಂದೇ ಸಮೀಕರಣವನ್ನು ಮೂರು ರೂಪದಲ್ಲಿ ಬರೆದು, ಪೆನ್ನನ್ನು ಚೀಲದ ಮೇಲೆ ಕುಕ್ಕಿದಳು.

ಹೆಡ್ ಮೇಡಂ ಬಹಳ ಹೊತ್ತು ಆ ಚೀಲವನ್ನು ನೋಡಿದರು. "ಮಿಸ್," ಅಂದರು ನಿಧಾನವಾಗಿ, ಈ ಸಲ ಬ್ರೇಕಣ್ಣನ ಕಡೆ ತಿರುಗದೆ, "ಸಮೀಕರಣ ನಿಮಗೆ ಬರುತ್ತೆ ಅಂತ ನಂಗೆ ಗೊತ್ತು. ಅದು ಮಕ್ಕಳಿಗೆ ಬರ್ಬೇಕಲ್ಲ. ಒಂದು ಕೆಲಸ ಮಾಡೋಣ. ಸ್ಕೂಲು ಶುರುವಾದ ದಿನ ಒಂದು ಪೀರಿಯಡ್ ತಗೊಳ್ಳಿ. ಇದೇ ಪಾಠ. ನಾನು ಹಿಂದಿನ ಬೆಂಚಲ್ಲಿ ಕೂತಿರ್ತೀನಿ. ಮಕ್ಕಳಿಗೆ ಅರ್ಥ ಆದ್ರೆ ಹತ್ತನೇ ಕ್ಲಾಸು ನಿಮ್ದೇ. ಇಲ್ಲಾಂದ್ರೆ ನೀವೂ ಬೇಜಾರು ಮಾಡ್ಕೋಬಾರ್ದು."

ಅವರು ಹೋದ ಮೇಲೆ ಅತ್ತೆ ನೆಲದ ಮೇಲಿನ ಸೇಬುಗಳನ್ನು ಆರಿಸತೊಡಗಿದರು. ಹೆಂಡತಿ ಗಂಡನ ಮುಖ ನೋಡಲಿಲ್ಲ. ಬ್ರೇಕಣ್ಣನಿಗೆ ತಾನೇನು ಮಾಡಿಬಿಟ್ಟೆ ಅನ್ನುವುದು ಆಗ ಹೊಳೆಯಿತು. ಅವಳ ಇಡೀ ಬದುಕನ್ನು ಒಂದು ವಾಕ್ಯ ಮುಗಿಸುವ ಆತುರದಲ್ಲಿ ಲೈಬ್ರರಿಗೆ ಬರೆದುಕೊಟ್ಟಿದ್ದ! ಕ್ಷಮೆ ಕೇಳಲು ಬಾಯಿ ತೆರೆದ, ಅತ್ತೆ ಕಣ್ಣಲ್ಲೇ ಮುಚ್ಚಿಸಿದರು.

ಮರುದಿನ ಬೆಳಿಗ್ಗೆ ಅವನು ಕಾರಿನ ಷೆಡ್ಡಿನಲ್ಲಿದ್ದ ಕಪ್ಪು ಹಲಗೆಯನ್ನು ಒರೆಸಿ ತಂದು ಅಡುಗೆಮನೆಯ ಗೋಡೆಗೆ ಒರಗಿಸಿದ. ರಸ್ತೆಯ ಚಿಹ್ನೆಗಳನ್ನು ಬಿಡಿಸಿ ತೋರಿಸುವ ಹಲಗೆ ಅದು. ಹೆಂಡತಿಯ ಕೈಗೆ ಸೀಮೆಸುಣ್ಣ ಕೊಟ್ಟು, ತಾನು ಸ್ಟೂಲ್ ಎಳೆದುಕೊಂಡು ಎದುರಿಗೆ ಕೂತ.

"ನಂಗೆ ಹೇಳ್ಕೊಡು. ನನ್ನಂಥ ದಡ್ಡನಿಗೆ ಅರ್ಥ ಮಾಡಿಸಿದ್ರೆ ಆ ಮಕ್ಕಳು ಯಾವ ಲೆಕ್ಕ?"

ಅವಳು ಅವನನ್ನು ಅಡಿಯಿಂದ ಮುಡಿಯವರೆಗೆ ಒಮ್ಮೆ ನೋಡಿದಳು. ಆಮೇಲೆ ಎದ್ದು ಹಲಗೆಯ ಮುಂದೆ ನಿಂತಳು.

ಹೀಗೆ ಬ್ರೇಕಣ್ಣ, ತಲೆಯ ಮೇಲೆ ಕೂದಲು ತೆಳುವಾಗುವ ವಯಸ್ಸಿನಲ್ಲಿ, ಮತ್ತೆ ವರ್ಗ ಸಮೀಕರಣಕ್ಕೆ ಬಂದು ಬಿದ್ದ. ಅವಳು ಒಂದು ರೂಪ ಬರೆಯುವಳು, ಇವನು ಅದನ್ನು ಇನ್ನೊಂದಕ್ಕೆ ತಿರುಗಿಸಬೇಕು. ಕಂಸ ಬಿಡಿಸಿ ಉದ್ದಕ್ಕೆ ಬರೆಯುವುದು ಬೇಗ ಬಂತು. ಉದ್ದಕ್ಕಿರುವುದನ್ನು ಎರಡು ಕಂಸಗಳಾಗಿ ಒಡೆಯಲು ಸ್ವಲ್ಪ ಬೆವರು ಹರಿಯಿತು. ಕೂಡಿದರೆ ಎಂಟಾಗಬೇಕು, ಗುಣಿಸಿದರೆ ಹನ್ನೆರಡಾಗಬೇಕು, ಯಾವ ಎರಡು ಸಂಖ್ಯೆ? ಎರಡು ಮತ್ತು ಆರು! ಅದು ಸಿಕ್ಕಾಗ ಚಿಕ್ಕ ಹುಡುಗನ ಹಾಗೆ ತೊಡೆ ತಟ್ಟಿಕೊಂಡ.

ಮೂರನೆಯ ರೂಪ ಅವನ ಜೀವ ತಿಂದಿತು. x² + 8x + 12 ಅನ್ನು ಒಂದು ಪೂರ್ಣ ವರ್ಗವಾಗಿ ಮಾಡಬೇಕು. ಎಂಟರ ಅರ್ಧ ನಾಲ್ಕು, ನಾಲ್ಕರ ವರ್ಗ ಹದಿನಾರು, ಅದನ್ನು ಸೇರಿಸಿದರೆ (x + 4)² ಆಯಿತು, ಹನ್ನೆರಡು ಇದ್ದೇ ಇದೆ. (x + 4)² + 12 ಅಂತ ಬರೆದು ಎದೆಯುಬ್ಬಿಸಿ ನಿಂತ.

"ಅಲ್ಲ," ಅಂದಳು. ಈ ಸಲ ತಲೆಯೂ ಅದನ್ನೇ ಹೇಳಿತು.

"ಯಾಕಲ್ಲ? ಎಲ್ಲ ಸರಿಯಾಗೇ ಇದೆ!"

ಅವಳಿಗೆ ವಿವರಿಸಲು ಮಾತಿರಲಿಲ್ಲ. ಸ್ವಲ್ಪ ಯೋಚಿಸಿ, ಹಲಗೆಯ ಮೂಲೆಯಲ್ಲಿ x = 1 ಅಂತ ಬರೆದು ಸೀಮೆಸುಣ್ಣವನ್ನು ಅವನ ಕೈಗಿಟ್ಟಳು. ಅವನು ಮೊದಲನೆಯ ರೂಪದಲ್ಲಿ ಒಂದನ್ನು ಹಾಕಿದ, ಇಪ್ಪತ್ತೊಂದು ಬಂತು. ತನ್ನ ರೂಪದಲ್ಲಿ ಹಾಕಿದ, ಮೂವತ್ತೇಳು. ಒಂದೇ ಸಮೀಕರಣವಾದರೆ ಒಂದೇ ಉತ್ತರ ಬರಬೇಕು ತಾನೇ? ಹದಿನಾರು ಎಲ್ಲಿಂದ ಹೆಚ್ಚು ಬಂತು? ಅವನು ತಲೆ ಕೆರೆದುಕೊಂಡು ನಿಂತ. ಅವಳು ಕೈಕಟ್ಟಿ ನಿಂತು ಕಾದಳು. ಸಾರು ಕುದಿಯುತ್ತಿದ್ದ ಪಾತ್ರೆಯ ಮುಚ್ಚಳ ತಾಳ ಹಾಕುತ್ತಿತ್ತು. ಅತ್ತೆ ಬಂದು ಉರಿ ತಗ್ಗಿಸಿ ಹೋದರು. ಅವಳು ಕಾಯುತ್ತಲೇ ಇದ್ದಳು.

"ಅಯ್ಯೋ!" ಅಂದ ಕೊನೆಗೆ. "ನಾನೇ ತಂದು ತುರುಕಿದ ಹದಿನಾರು! ಸೇರಿಸಿದ ಮೇಲೆ ಕಳೀಬೇಕಲ್ಲ. ಸ್ಟೇರಿಂಗ್ ತಿರುಗಿಸಿದ ಮೇಲೆ ವಾಪಸ್ ನೇರ ಮಾಡ್ಬೇಕಲ್ಲ, ಹಾಗೆ!" ಹನ್ನೆರಡರಲ್ಲಿ ಹದಿನಾರು ಹೋದರೆ ಮೈನಸ್ ನಾಲ್ಕು. (x + 4)² − 4 ಅಂತ ತಿದ್ದಿದ. ಒಂದನ್ನು ಹಾಕಿ ನೋಡಿದ, ಇಪ್ಪತ್ತೊಂದು. ಹೆಂಡತಿ ನಕ್ಕಳು. ಅವಳ ನಗು ನೋಡಿ ಎಷ್ಟು ದಿನವಾಗಿತ್ತು! ಅವನ ಕಣ್ಣು ತುಂಬಿ ಬಂತು, ಸುಣ್ಣದ ಪುಡಿ ಅಂತ ಹೇಳಿ ಒರೆಸಿಕೊಂಡ.

ಅಂದಿನಿಂದ ಅವನ ತಲೆಗೆ ಈ ಹುಚ್ಚು ಹತ್ತಿತು. ಕಾರಿನಲ್ಲಿ ಕೂತಾಗಲೂ ಅದೇ ಯೋಚನೆ. ಮೂರೂ ಒಂದೇ ಆದರೆ ಮೂರು ಸಲ ಯಾಕೆ ಬರೆಯಬೇಕು? ಅವಳು ಗ್ರಾಫ್ ಹಾಳೆಯ ಮೇಲೆ ಆ ಬಾಗಿದ ಗೆರೆಯನ್ನು ಎಳೆದು ತೋರಿಸಿದಾಗ ಗೊತ್ತಾಯಿತು. ಎರಡು ಕಂಸಗಳ ರೂಪ ನೋಡಿದರೆ ಗೆರೆ ನೆಲವನ್ನು, ಅಂದರೆ ಅಡ್ಡದ x ಅಕ್ಷವನ್ನು, ಮುಟ್ಟುವ ಜಾಗಗಳು ಕಣ್ಣಿಗೆ ಬೀಳುತ್ತವೆ. ವರ್ಗದ ರೂಪ ನೋಡಿದರೆ ಅದು ಎಷ್ಟು ಆಳಕ್ಕೆ ಇಳಿದು ಎಲ್ಲಿ ತಿರುಗಿತು ಅನ್ನುವುದು ತಿಳಿಯುತ್ತದೆ. ಆ ತಿರುಗುವ ಬಿಂದುವಿಗೆ ಶೃಂಗ ಅನ್ನುತ್ತಾರೆ. ಉದ್ದದ ರೂಪದ ಕೊನೆಯ ಸಂಖ್ಯೆ, ಗೆರೆ ನಡುವಿನ ಕಂಬವನ್ನು, ಅಂದರೆ y ಅಕ್ಷವನ್ನು, ಎಲ್ಲಿ ದಾಟಿತು ಅಂತ ಹೇಳುತ್ತದೆ. ಒಂದು ರೂಪ ತೋರಿಸಿದ್ದನ್ನು ಇನ್ನೊಂದು ಹೊಟ್ಟೆಯೊಳಗೆ ಇಟ್ಟುಕೊಂಡಿರುತ್ತದೆ. ಇಲ್ಲ ಅಂತಲ್ಲ, ಕಾಣುವುದಿಲ್ಲ ಅಷ್ಟೇ.

"ಅತ್ತೇ, ಇದು ನಿಮ್ಮ ಥರಾನೇ," ಅಂತ ಅತ್ತೆಗೆ ವಿವರಿಸಿದ. "ನೀವು ನಂಗೆ ಅತ್ತೆ, ಇವ್ಳಿಗೆ ಅಮ್ಮ, ಊರಲ್ಲಿರೋ ನಿಮ್ಮ ಅಣ್ಣನಿಗೆ ತಂಗಿ. ಆಸಾಮಿ ಒಬ್ರೇ. ನಂಗೆ ಕಾಣೋ ಮುಖ ನಿಮ್ಮ ಅಣ್ಣನಿಗೆ ಕಾಣಲ್ಲ."

"ಅವನ ಅದೃಷ್ಟ," ಅಂದರು ಅತ್ತೆ.

ಸ್ಕೂಲು ಶುರುವಾಗುವುದಕ್ಕೆ ಮುಂಚಿನ ಸಂಜೆ ಅವನು ಹಲಗೆಯ ಮುಂದೆ ನಿಂತು, ಬಹಳ ದಿನದಿಂದ ಮನಸ್ಸಿನಲ್ಲಿ ಮೆಲುಕು ಹಾಕುತ್ತಿದ್ದ ಮಾತನ್ನು ಹೆಂಡತಿಗೆ ಹೇಳಿದ. ಅವಳಿಗೆ ಧೈರ್ಯ ಬರಲಿ ಅನ್ನುವ ಆಸೆ ಅವನಿಗೆ.

"ನೀನೂ ಹೀಗೇ ಕಣೇ. ಏನೂ ಹೋಗಿಲ್ಲ ನಿಂದು. ರೂಪ ಬದಲಾಗಿದೆ ಅಷ್ಟೇ, ಸಮೀಕರಣ ಅದೇ."

ಅವಳು ಎದ್ದು ಬಂದು ಹಲಗೆಯ ಮೇಲೆ ಎರಡು ರೂಪಗಳನ್ನು ಅಕ್ಕಪಕ್ಕ ಬರೆದಳು. ಇಲ್ಲಿಂದ ಅಲ್ಲಿಗೆ ಒಂದು ಬಾಣ ಎಳೆದಳು. ಅಲ್ಲಿಂದ ಇಲ್ಲಿಗೆ ಇನ್ನೊಂದು ಬಾಣ. ಹೋಗಬಹುದು, ಬರಬಹುದು. ಆಮೇಲೆ ಸೀಮೆಸುಣ್ಣದ ತುದಿಯನ್ನು ತನ್ನ ಎದೆಗೆ ಇಟ್ಟುಕೊಂಡಳು. ಹಲಗೆಯ ಖಾಲಿ ಜಾಗದಲ್ಲಿ ಒಂದೇ ಬಾಣ ಎಳೆದಳು, ಹೋಗುವುದು. ಬರುವ ಬಾಣ ಇರಬೇಕಾದ ಜಾಗವನ್ನು ತೋರುಬೆರಳಿನಿಂದ ಮುಟ್ಟಿ, ಖಾಲಿ ಬಿಟ್ಟಳು.

"ಅಲ್ಲ," ಅಂದಳು ಮೆಲ್ಲಗೆ. ಸೀಮೆಸುಣ್ಣ ಕೈಯಿಂದ ಬಿತ್ತು. ಹಲಗೆಗೆ ಹಣೆಯಿಟ್ಟು ಅಳತೊಡಗಿದಳು.

ಅವನಿಗೆ ಹೇಳಲು ಎಷ್ಟೋ ಇತ್ತು. ಬರುತ್ತೆ, ನಿಧಾನಕ್ಕೆ ಬರುತ್ತೆ, ಡಾಕ್ಟರು ಹೇಳಿದಾರೆ, ಹೆದರಬೇಡ. ಎಲ್ಲವೂ ನಾಲಿಗೆಯ ತುದಿಗೆ ಬಂದವು. ಒಂದೂ ನಿಜವೋ ಅಲ್ಲವೋ ಅವನಿಗೇ ಗೊತ್ತಿರಲಿಲ್ಲ. ಮೊದಲ ಸಲ ಅವನು ಏನೂ ಹೇಳಲಿಲ್ಲ. ಪಕ್ಕದಲ್ಲಿ ನಿಂತು ಅವಳ ಬೆನ್ನ ಮೇಲೆ ಕೈಯಿಟ್ಟ. ಎಷ್ಟೋ ಹೊತ್ತು ಹಾಗೇ ನಿಂತಿದ್ದರು. ಕಾಯಿಲೆಗೆ ಮುಂಚೆ ಇದ್ದವಳು ಇನ್ನು ವಾಪಸ್ ಬರುವುದಿಲ್ಲವೇನೋ ಅನ್ನುವ ದುಃಖ ಅವನಿಗೂ ಇತ್ತು. ಅದನ್ನು ಅವಳಿಂದ ಬಚ್ಚಿಡಲು ತಾನು ಇಷ್ಟು ದಿನ ಒಂದೇ ಸಮನೆ ಮಾತಾಡುತ್ತಿದ್ದೆ ಅನ್ನುವುದು ಈಗ ಅವನಿಗೆ ಅರ್ಥವಾಯಿತು.

ಮರುದಿನ ಸ್ಕೂಲಿಗೆ ಅವನೇ ಕಾರಿನಲ್ಲಿ ಕರೆದುಕೊಂಡು ಹೋದ. ಬಾಗಿಲಲ್ಲಿ ಬಿಟ್ಟು ಬರಬೇಕೆಂದು ಅತ್ತೆ ಎಚ್ಚರಿಸಿಯೇ ಕಳಿಸಿದ್ದರು. ಆದರೆ ಹೆಡ್ ಮೇಡಂ "ನೀವೂ ಬನ್ನಿ, ಅವ್ರಿಗೆ ಧೈರ್ಯ ಇರುತ್ತೆ," ಅಂದುಬಿಟ್ಟರು. ಬೇಡ ಅನ್ನುವ ಶಕ್ತಿ ಈ ಬಡಪಾಯಿಗೆ ಎಲ್ಲಿಂದ ಬರಬೇಕು? ಕೊನೆಯ ಬೆಂಚಿನಲ್ಲಿ, ಮೊಣಕಾಲು ಡೆಸ್ಕಿಗೆ ತಾಗಿಸಿಕೊಂಡು, ಹೆಡ್ ಮೇಡಂ ಪಕ್ಕದಲ್ಲಿ ಕೂತ.

ಮಕ್ಕಳಿಗೆ ವಿಷಯ ಗೊತ್ತಿತ್ತು. ಮಿಸ್ ಒಳಗೆ ಬಂದಾಗ ಎದ್ದು ನಿಂತ ಕ್ಲಾಸು, ಕೂತ ಮೇಲೂ ಉಸಿರು ಬಿಡಲಿಲ್ಲ. ಅವಳು ಬೋರ್ಡಿನ ಮೇಲೆ x² − 8x + 7 ಅಂತ ಬರೆದು ತಿರುಗಿ, ಅಂಗೈ ಮೇಲೆತ್ತಿ ಓದಿ ಅಂತ ಸನ್ನೆ ಮಾಡಿದಳು. ಯಾರೋ ಒಬ್ಬ ಅಳುಕುತ್ತ ಓದಿದ. ಅವಳು ಕಿವಿಯ ಹಿಂದೆ ಕೈಯಿಟ್ಟು ಕೇಳಿಸಲಿಲ್ಲ ಅನ್ನುವಂತೆ ಮುಖ ಮಾಡಿದಳು. ಇಡೀ ಕ್ಲಾಸು ಗಟ್ಟಿಯಾಗಿ ಓದಿತು. ಕೆಲವರು ನಕ್ಕರು, ಅವಳೂ ನಕ್ಕಳು, ಬಿಗಿ ಸಡಿಲವಾಯಿತು.

ಆಮೇಲೆ ಪಾಠ ಓಡತೊಡಗಿತು. ಅವಳು ಬರೆಯುತ್ತಿದ್ದಳು, ಮಕ್ಕಳು ಓದುತ್ತಿದ್ದರು, ಒಬ್ಬೊಬ್ಬರೇ ಎದ್ದು ಹೋಗಿ ಬಿಟ್ಟ ಜಾಗ ತುಂಬುತ್ತಿದ್ದರು. (x − 1)(x − 7) ಬಂತು. ಎಲ್ಲರೂ ಗ್ರಾಫ್ ಹಾಳೆ ತೆಗೆದು ಬಾಗಿದ ಗೆರೆ ಎಳೆದರು. ಗೆರೆ ಒಂದರಲ್ಲೂ ಏಳರಲ್ಲೂ ನೆಲ ಮುಟ್ಟಿತು. ಬ್ರೇಕಣ್ಣ ಹೆಡ್ ಮೇಡಂ ಮುಖ ಕದ್ದು ನೋಡಿದ. ಅವರು ಗಲ್ಲಕ್ಕೆ ಕೈಕೊಟ್ಟು ಕೂತಿದ್ದರು, ಏನೂ ತಿಳಿಯುವಂತಿರಲಿಲ್ಲ.

ಮೂರನೆಯ ರೂಪಕ್ಕೆ ಬಂದಾಗ ಮಧ್ಯದ ಸಾಲಿನ ಒಬ್ಬಳು ಹುಡುಗಿ ಕೈಯೆತ್ತಿದಳು.

"ಮಿಸ್, ಎಂಟನ್ನ ಯಾಕೆ ಅರ್ಧ ಮಾಡ್ಬೇಕು? ಮಾಡ್ಬೇಕು ಅಂತ ಪುಸ್ತಕದಲ್ಲಿದೆ. ಯಾಕೆ ಅಂತ ಇಲ್ಲ."

ಒಳ್ಳೆಯ ಪ್ರಶ್ನೆ. ಹಿಂದಿನ ವರ್ಷವಾದರೆ ಮಿಸ್ ಅದಕ್ಕೆ ಹತ್ತು ನಿಮಿಷ ಮಾತಾಡುತ್ತಿದ್ದಳು. ಈಗ ಅವಳ ಬಾಯಿ ತೆರೆಯಿತು. "ಅ... ಅ..." ಕೈ ಗಾಳಿಯಲ್ಲಿ ಏನನ್ನೋ ಹಿಡಿಯಲು ನೋಡಿತು. ಮಾತು ಬರಲಿಲ್ಲ. ಮಕ್ಕಳು ಕಾದರು. ಅವಳ ಹಣೆಯ ಮೇಲೆ ಬೆವರು ಮೂಡಿದ್ದು ಕೊನೆಯ ಬೆಂಚಿಗೂ ಕಂಡಿತು.

ಬ್ರೇಕಣ್ಣನ ಬಲಗಾಲು ಡೆಸ್ಕಿನ ಅಡಿಯಲ್ಲಿ ನೆಲವನ್ನು ಒತ್ತುತ್ತಿತ್ತು. ಅವನಿಗೆ ಉತ್ತರ ಗೊತ್ತಿತ್ತು! ಜನ್ಮದಲ್ಲಿ ಮೊದಲ ಸಲ ಗಣಿತದ ಕ್ಲಾಸಿನಲ್ಲಿ ಅವನಿಗೆ ಉತ್ತರ ಗೊತ್ತಿತ್ತು. ತುಟಿ ಕಚ್ಚಿಕೊಂಡ. ಲೈಬ್ರರಿಯ ಕಪಾಟುಗಳು ಕಣ್ಣ ಮುಂದೆ ಬಂದವು. ಅವಳ ಕೈ ಇನ್ನೂ ಗಾಳಿಯಲ್ಲೇ ಇತ್ತು.

"ವರ್ಗ ಬಿಡಿಸಿದಾಗ ಅದು ಎರಡು ಸಲ ಬರುತ್ತಲ್ಲ, ಅದಕ್ಕೆ ಅರ್ಧ!" ಅಂತ ಕೂಗಿಯೇ ಬಿಟ್ಟ.

ಇಡೀ ಕ್ಲಾಸು ಹಿಂದಕ್ಕೆ ತಿರುಗಿತು. ಹೆಡ್ ಮೇಡಂ ಅವನನ್ನು ನೋಡಿದರು. ಮಿಸ್ಸೂ ನೋಡಿದಳು. ಗಾಳಿಯಲ್ಲಿದ್ದ ಆ ಕೈ ನಿಧಾನವಾಗಿ ನೆಟ್ಟಗಾಯಿತು, ತೋರುಬೆರಳು ಮುಂದೆ ಬಂತು, ಬಾಗಿಲನ್ನು ತೋರಿಸಿತು.

"ನಾನು... ಸಹಾಯ ಆಗ್ಲಿ ಅಂತ..."

ಬೆರಳು ಅಲುಗಲಿಲ್ಲ. ಮಕ್ಕಳು ಕಿಸಕ್ಕನೆ ನಕ್ಕರು. ಬ್ರೇಕಣ್ಣ ಡೆಸ್ಕಿನಿಂದ ಮೊಣಕಾಲು ಬಿಡಿಸಿಕೊಂಡು ಎದ್ದು, ಎರಡು ಸಾಲುಗಳ ನಡುವೆ ತಲೆ ತಗ್ಗಿಸಿ ನಡೆದು ಹೊರಗೆ ಹೋದ. ಬಾಗಿಲು ಅವನ ಹಿಂದೆ ಮುಚ್ಚಿಕೊಂಡಿತು.

ಹೊರಗಿನ ಉದ್ದದ ವರಾಂಡದಲ್ಲಿ ಯಾರೂ ಇರಲಿಲ್ಲ. ಗೋಡೆಗೆ ಒರಗಿ ನಿಂತು ಅವನು ತನ್ನನ್ನು ತಾನೇ ಬೈದುಕೊಂಡ. ಎಲ್ಲ ಹಾಳು ಮಾಡಿದೆ. ಹೆಡ್ ಮೇಡಂ ಮುಂದೆಯೇ ಹಾಳು ಮಾಡಿದೆ. ಮಿಸ್ಸಿಗೆ ಹೇಳಲು ಬರುವುದಿಲ್ಲ, ಗಂಡ ಹೇಳಿಕೊಡಬೇಕು ಅಂತ ನಾನೇ ಸಾಬೀತು ಮಾಡಿದೆ. ಮನೆಗೆ ಹೋಗಿ ಅತ್ತೆಗೆ ಯಾವ ಮುಖ ತೋರಿಸುವುದು?

ಒಳಗೆ ಬಹಳ ಹೊತ್ತು ಯಾವ ಸದ್ದೂ ಇರಲಿಲ್ಲ. ಅವನು ಬಾಗಿಲಿಗೆ ಕಿವಿಯಿಟ್ಟ. ಸೀಮೆಸುಣ್ಣದ ಸದ್ದೂ ಇಲ್ಲ. ಆಮೇಲೆ ಹಾಳೆ ಎತ್ತಿದ ಸದ್ದು. ಅದು ಅವಳದೇ ಇರಬೇಕು, ಒಂದೇ ಹಾಳೆ. ಅದರ ಹಿಂದೆಯೇ ಇಡೀ ಕ್ಲಾಸಿನ ಹಾಳೆಗಳು ಸರಸರ ಅಂದವು. ಎಲ್ಲರೂ ಏನೋ ಮಡಿಸುತ್ತಿದ್ದರು. ಉಗುರಿನಿಂದ ಮಡಿಕೆ ತೀಡುವ ಸದ್ದು ಬಾಗಿಲಿನಾಚೆಗೂ ಕೇಳಿಸಿತು. ಗ್ರಾಫನ್ನು ಮಡಿಸುತ್ತಿದ್ದಾರೆಯೇ? ಯಾಕೆ? ಇದನ್ನು ಅವಳು ಅಡುಗೆಮನೆಯಲ್ಲಿ ಅವನಿಗೆ ತೋರಿಸಿರಲಿಲ್ಲ. ಒಳಗೆ ಯಾರದೋ ಗೊಣಗಾಟ, ಮತ್ತೆ ಮೌನ. ಅಷ್ಟರಲ್ಲಿ ಅದೇ ಹುಡುಗಿಯ ದನಿ, ಕಿರುಚಾಟವೆಂದೇ ಹೇಳಬೇಕು:

"ಮಿಸ್! ಒಂದರ ಮೇಲೆ ಏಳು ಕೂತ್ಕೊಳ್ತು! ಮಡಿಕೆ ನಾಲ್ಕರಲ್ಲಿ ಬಂತು! ಒಂದು, ಏಳು ಕೂಡಿದ್ರೆ ಎಂಟು, ಅದರ ಮಧ್ಯ ನಾಲ್ಕು, ಅದಕ್ಕೇ ಅರ್ಧ! ಗೆರೆ ತಿರುಗೋದೂ ಅಲ್ಲೇ!"

"ಮೈನಸ್ ಒಂಬತ್ತರಲ್ಲಿ!" ಅಂತ ಇನ್ನೊಬ್ಬ ಕೂಗಿದ. ಆಮೇಲೆ ಎಲ್ಲರೂ ಒಟ್ಟಿಗೆ ಮಾತಾಡತೊಡಗಿದರು. ಬೋರ್ಡಿನ ಮೇಲೆ ಸೀಮೆಸುಣ್ಣ ಟಕಟಕ ಓಡಿತು. ಕ್ಲಾಸು ಒಂದೇ ಕೊರಳಿನಲ್ಲಿ ಓದಿತು: x ಮೈನಸ್ ನಾಲ್ಕು, ಹೋಲ್ ಸ್ಕ್ವೇರ್, ಮೈನಸ್ ಒಂಬತ್ತು.

ಬ್ರೇಕಣ್ಣ ಬಾಗಿಲಿನಿಂದ ಕಿವಿ ತೆಗೆದ. ತಾನು ಕೂಗಿದ ಉತ್ತರ ತಪ್ಪಾಗಿರಲಿಲ್ಲ. ಆದರೆ ಅದನ್ನೇ ಹಿಡಿದುಕೊಂಡು ಆ ಹುಡುಗಿ ಪುಸ್ತಕದಲ್ಲಿ ಬರೆದುಕೊಂಡು ಕೂತಿದ್ದರೆ, ಈಗ ಹೀಗೆ ಕಿರುಚುತ್ತಿರಲಿಲ್ಲ. ಹೆಂಡತಿಯ ಕೈ ಗಾಳಿಯಲ್ಲಿ ತಡಕಾಡುತ್ತಿದ್ದಾಗ ಅದು ಸೋತದ್ದಲ್ಲ, ಈ ಮಡಿಕೆಯನ್ನು ಹುಡುಕುತ್ತಿತ್ತು. ಹಿಂದಿನ ಗಂಟಲು ಇದ್ದಿದ್ದರೆ ಅವಳು ಹಾಳೆ ಮಡಿಸುತ್ತಿದ್ದಳೋ ಇಲ್ಲವೋ. ಅವಳು ಬಾಣ ಎಳೆಯದೆ ಬಿಟ್ಟ ಆ ಖಾಲಿ ಜಾಗ ಖಾಲಿಯೇ ಇರಬಹುದು. ಆದರೆ ಈಗ ಒಳಗೆ ನಿಂತಿರುವವಳು ಮಿಸ್ಸೇ, ಅದರಲ್ಲಿ ಅನುಮಾನವಿಲ್ಲ. ಅವನಿಗೆ ಅಳು ಬಂತು, ಸದ್ದಾಗದಂತೆ ಅತ್ತ.

ಬಾಗಿಲು ಮತ್ತೆ ತೆರೆಯಿತು. ಹೆಡ್ ಮೇಡಂ ಹೊರಗೆ ಬಂದು, ಬಾಗಿಲನ್ನು ಮೆಲ್ಲನೆ ಎಳೆದುಕೊಂಡು, ಅವನ ಪಕ್ಕದಲ್ಲಿ ಗೋಡೆಗೆ ಒರಗಿ ನಿಂತರು. ಅವರ ಮುಖ ಕೆಂಪಾಗಿತ್ತು. ಬ್ರೇಕಣ್ಣ ಕಣ್ಣೊರೆಸಿಕೊಂಡು ನೆಟ್ಟಗೆ ನಿಂತ.

"ಪೀರಿಯಡ್ ಮುಗೀತಾ ಮೇಡಂ?"

"ಇಲ್ಲ."

"ಮತ್ತೆ ನೀವು... ಅವಳ ಪಾಠ ಸರಿ ಇಲ್ವಾ?"

ಹೆಡ್ ಮೇಡಂ ಸೆರಗು ಸರಿಮಾಡಿಕೊಂಡರು. "ನನ್ನ ಮುಂದೆ ಕೂತಿದ್ದ ಹುಡುಗ ಹಾಳೆ ತಪ್ಪಾಗಿ ಮಡಿಸ್ತಿದ್ದ," ಅಂದರು. "ಹಾಗಲ್ಲ ಕಣೋ, ಹೀಗೆ ಮಡಿಸು ಅಂತ ನಾನು ಒಂದೇ ಒಂದು ಮಾತು ಹೇಳ್ದೆ ಅಷ್ಟೇ."

ಬ್ರೇಕಣ್ಣ ಬಾಯಿ ಬಿಟ್ಟುಕೊಂಡು ಅವರನ್ನು ನೋಡಿದ. "ನಿಮ್ಮನ್ನೂ?"

"ಬೆರಳು ತೋರಿಸಿಬಿಟ್ರು. ಮಕ್ಕಳ ಮುಂದೆ ಏನ್ ಮಾಡ್ಲಿ, ಎದ್ದು ಬಂದೆ."

ಅವನಿಗೆ ತಡೆಯಲಾಗಲಿಲ್ಲ, ನಗು ಬುಗ್ಗೆಂದು ಬಂತು. ಹೆಡ್ ಮೇಡಂ ಕೂಡ ನಗತೊಡಗಿದರು. ನಗುತ್ತಲೇ ಅವನು ಕೇಳಿದ, "ಹಾಗಾದ್ರೆ ಲೈಬ್ರರಿ...?"

"ಲೈಬ್ರರಿಗೆ ಬೇರೆ ಯಾರನ್ನಾದ್ರೂ ನೋಡ್ಬೇಕು," ಅಂದರು ಹೆಡ್ ಮೇಡಂ, ಕಣ್ಣೊರೆಸಿಕೊಳ್ಳುತ್ತ. ಆಮೇಲೆ ಬಾಗಿಲಿನ ಕಡೆ ಗಾಬರಿಯಿಂದ ನೋಡಿ, ತುಟಿಯ ಮೇಲೆ ಬೆರಳಿಟ್ಟುಕೊಂಡರು. "ಶ್! ಮೆಲ್ಲಗೆ ನಗ್ರೀ. ಕೇಳಿಸಿದ್ರೆ ನಾಳೆನೂ ಒಳಗೆ ಬಿಡಲ್ಲ."